ಒಂದು ಹಾಫ್ ಬಾಟ್ಲಿ ಸೊಟೆರ್ನ್

2023ರಲ್ಲಿ ನಾನು ಒಮಾನಿನ ದುಕ್ಮ್‌ನ ಒಂದು ಹೋಟೆಲಿನಲ್ಲಿ ಸೊಮೆಲಿಯೆ ಆಗಿದ್ದೆ. ಅಂದರೆ ವೈನ್ ಆರಿಸಿ ತರಿಸುವವನು, ಅದನ್ನು ಕೆಡದಂತೆ ಕಾಪಾಡುವವನು, ಊಟಕ್ಕೆ ಕೂತವರಿಗೆ ಯಾವುದರ ಜೊತೆ ಯಾವುದು ಹೊಂದುತ್ತದೆಂದು ಹೇಳಿ ಬಡಿಸುವವನು. ಮಂಗಳೂರಿನಲ್ಲಿ ನನ್ನ ಅತ್ತೆ ನೆಂಟರಿಗೆಲ್ಲ "ಅಳಿಯನಿಗೆ ಸ್ಟೋರ್ ಕೆಲಸ" ಎಂದೇ ಹೇಳುತ್ತಿದ್ದರು. ನಾನೂ ತಿದ್ದಲು ಹೋಗಲಿಲ್ಲ.

ದುಕ್ಮ್ ಮಸ್ಕತ್‌ನಿಂದ ಅರ್ಧ ದಿನದ ದಾರಿ. ಬಂದರು, ರಿಫೈನರಿ, ಲೇಬರ್ ಕ್ಯಾಂಪು, ಮತ್ತೆ ಎತ್ತ ನೋಡಿದರೂ ಮರಳು. ಬಂದರಿನ ಕೆಲಸಕ್ಕೆ ಬಂದ ಯುರೋಪಿನ ಎಂಜಿನಿಯರುಗಳೇ ನಮ್ಮ ಗಿರಾಕಿಗಳು. ರಂಜಾನ್ ತಿಂಗಳಲ್ಲಿ ಬಾರ್ ಮುಚ್ಚುತ್ತಿತ್ತು. ವೈನ್ ಇಡುವ ಕೋಲ್ಡ್ ರೂಮಿನ ರಿಪೇರಿಯನ್ನೆಲ್ಲ ಆ ತಿಂಗಳಿಗೇ ಇಟ್ಟುಕೊಳ್ಳುತ್ತಿದ್ದೆವು. ಆ ರೂಮು ಬೇಸ್‌ಮೆಂಟಿನಲ್ಲಿತ್ತು. ಬೀಗದ ಕೈ ನನ್ನದು. ನಾನಿಲ್ಲದೆ ಯಾರೂ ಒಳಗೆ ಹೋಗುವಂತಿರಲಿಲ್ಲ.

ರಿಪೇರಿಗೆ ಬರುತ್ತಿದ್ದವರು ಎ.ಸಿ. ಟೆಕ್ನಿಷಿಯನ್ ಹಮೀದ್, ಬಂಟ್ವಾಳ ಕಡೆಯ ಬ್ಯಾರಿ ಮುಸಲ್ಮಾನರು. ನನಗಿಂತ ಹಿರಿಯರಾದ್ದರಿಂದ ನನಗೆ ಅವರು ಹಮೀದಾಕ. ನಮ್ಮ ಕಡೆ ಕ್ರಿಶ್ಚಿಯನ್ನರನ್ನು ಕರೆಯುವ ಹಾಗೆ ನಾನು ಅವರಿಗೆ ಪೊರ್ಬು. ಐದು ವರ್ಷ ನನ್ನ ಸ್ಟೋರಿಗೆ ಬಂದರೂ ಅವರು ಒಂದು ಬಾಟ್ಲಿ ಮುಟ್ಟಿದವರಲ್ಲ. ಪೆಟ್ಟಿಗೆ ಅಡ್ಡ ಬಂದರೆ "ಪೊರ್ಬುಗಳೇ, ನಿಮ್ಮ ಸಾಮಾನು ನೀವೇ ಎತ್ತಿ" ಎಂದು ಕೈ ಕಟ್ಟಿ ನಿಲ್ಲುತ್ತಿದ್ದರು. ನಾನು ಗೊಣಗುತ್ತಾ ಎತ್ತುತ್ತಿದ್ದೆ. ಅವರಿಗೆ ಶುಗರ್ ಇತ್ತು. ಮಾತ್ರೆ ತಿನ್ನುತ್ತಿದ್ದರು. ಉಪವಾಸ ಬೇಡವೆಂದು ಡಾಕ್ಟರು ಹೇಳಿದ್ದರೂ ಕೇಳಿರಲಿಲ್ಲ.

"ನೋಂಬು ಬಿಡ್ಲಿಕ್ಕೆ ಆಗ್ತದಾ ಮಾರಾಯ್ರೆ? ನನ್ನ ಉಮ್ಮ ಜ್ವರದಲ್ಲೂ ಬಿಟ್ಟವರಲ್ಲ."

ಆ ಮಧ್ಯಾಹ್ನ ಅವರು ಫ್ಯಾನ್ ಮೋಟರ್ ಬದಲಿಸಿದರು. ತಂಪು ನಿಲ್ಲುತ್ತದೋ ಇಲ್ಲವೋ ನೋಡಲು ಬಾಗಿಲು ಹಾಕಬೇಕು. ಹಾಕಿದೆವು. ತಂಪು ಚೆನ್ನಾಗಿಯೇ ನಿಂತಿತು. ಹೊರಗೆ ಹೋಗೋಣವೆಂದು ಒಳಗಿನ ನಾಬ್ ತಿರುಗಿಸಿದರೆ ಅದು ಸುಮ್ಮನೆ ಸುತ್ತುತ್ತಿದೆ. ಮತ್ತೊಮ್ಮೆ ತಿರುಗಿಸಿದಾಗ ಕೈಯಲ್ಲೇ ಬಂತು.

ಮೊದಲು ಇಬ್ಬರೂ ನಕ್ಕೆವು. ಆಮೇಲೆ ನಾನು ಬಾಗಿಲು ಬಡಿದೆ, ಒದ್ದೆ, ಗಂಟಲು ಹರಿಯುವಷ್ಟು ಕೂಗಿದೆ. ಫೋನಿಗೆ ಸಿಗ್ನಲ್ ಇಲ್ಲ. ಟೂಲ್ ಇದ್ದ ಟ್ರಾಲಿ ಹೊರಗೆ. ರಂಜಾನಿನ ಮಧ್ಯಾಹ್ನ ಎಲ್ಲರೂ ಮಲಗಿರುತ್ತಾರೆ. ಇಫ್ತಾರ್ ಮುಗಿಯುವ ತನಕ ಬೇಸ್‌ಮೆಂಟಿಗೆ ಇಳಿಯುವ ಕೆಲಸ ಯಾರಿಗೂ ಇಲ್ಲ. ಹಮೀದಾಕ ಜೇಬಿನಲ್ಲಿದ್ದ ಸ್ಕ್ರೂಡ್ರೈವರ್ ತೆಗೆದು ಬೀಗದ ಪ್ಲೇಟಿಗೆ ಹಚ್ಚಿದರು. ಒಂದು ಸ್ಕ್ರೂ ಬಿಚ್ಚುವಷ್ಟರಲ್ಲಿ ಅವರ ಕೈ ನಡುಗತೊಡಗಿತು. ಆ ಚಳಿಯಲ್ಲಿ ಹಣೆ ತುಂಬ ಬೆವರು.

"ಶುಗರ್ ಇಳೀತಾ ಉಂಟು," ಅಂದರು. "ತಿನ್ಲಿಕ್ಕೆ ಎಂತಾದ್ರೂ ಉಂಟಾ?"

ಏನಿತ್ತು? ನನ್ನ ಜೇಬಿನಲ್ಲಿ ಕಾರ್ಕ್ ತೆಗೆಯುವ ಚಾಕು, ಒಂದು ಕರ್ಚೀಫು. ಸುತ್ತ ಗೋಡೆಯುದ್ದಕ್ಕೂ ವೈನ್. ಅದರಲ್ಲೂ ಹೆಚ್ಚಿನದು ಸಕ್ಕರೆಯ ಅಂಶವೇ ಇಲ್ಲದಂಥ ಒಣ ವೈನ್. ಅದನ್ನು ಕೊಟ್ಟರೆ ಅಮಲು ಶುಗರನ್ನು ಇನ್ನಷ್ಟು ಇಳಿಸುತ್ತದೆ, ಇದ್ದ ಜೀವವೂ ಹೋಗುತ್ತದೆ. ಕೆಲಸಕ್ಕೆ ಬರುವಂಥದ್ದು ಮೂಲೆಯ ಒಂದೇ ಶೆಲ್ಫಿನಲ್ಲಿತ್ತು: ಸೊಟೆರ್ನ್.

ಇದನ್ನು ಸ್ವಲ್ಪ ವಿವರಿಸಬೇಕು. ಫ್ರಾನ್ಸಿನಲ್ಲಿ ಅಪೆಲಾಸಿಯೋಂ ಎಂಬ ಕಾನೂನಿದೆ. ವೈನಿಗೆ ಒಂದು ಊರಿನ ಹೆಸರಿಡಬೇಕಾದರೆ ದ್ರಾಕ್ಷಿ ಆ ಊರಿನ ಮಣ್ಣಿನದ್ದೇ ಆಗಿರಬೇಕು. ಮಟ್ಟು ಊರಿನಲ್ಲಿ ಬೆಳೆದರೆ ಮಾತ್ರ ಮಟ್ಟುಗುಳ್ಳ ಎನಿಸುವ ನಮ್ಮ ಬದನೆಯ ಹಾಗೆಯೇ. ಸೊಟೆರ್ನ್ ಎಂಬ ಹೆಸರು ಬೋರ್ಡೋ ಪ್ರಾಂತ್ಯದ ಐದೇ ಊರುಗಳ ಸಿಹಿ ಬಿಳಿ ವೈನಿಗೆ ಮೀಸಲು. ಅಲ್ಲಿ ಶರತ್ಕಾಲದ ಮಂಜಿಗೆ ಹಣ್ಣಿನ ಮೇಲೆ ಬೂಷ್ಟು ಹಿಡಿಯುತ್ತದೆ. ನೀರೆಲ್ಲ ಆರಿ ಹಣ್ಣು ಸುಕ್ಕಾಗುತ್ತದೆ, ಸಕ್ಕರೆ ಉಳಿಯುತ್ತದೆ. ಲೀಟರಿಗೆ ನೂರು ಗ್ರಾಂ ದಾಟುವ ಸಕ್ಕರೆ. ಜೊತೆಗೆ ಅಮಲೂ ಇದ್ದೇ ಇದೆ.

ನಾನು ಶೆಲ್ಫಿನ ಕಡೆ ನೋಡಿದ್ದನ್ನು ಹಮೀದಾಕ ನೋಡಿದರು.

"ಬೇಡ ಪೊರ್ಬುಗಳೇ. ನೋಂಬು ಹೋದ್ರೆ ಹೋಗ್ಲಿ, ಇನ್ನೊಂದು ದಿನ ಹಿಡಿದು ತೀರಿಸಬಹುದು. ಅದು ಮಾತ್ರ ನನ್ನ ಬಾಯಿಗೆ ಬೇಡ."

"ಆಯ್ತು," ಅಂದೆ. ಮತ್ತೇನು ಹೇಳಲಿ?

ಸ್ಕ್ರೂಡ್ರೈವರ್ ಕಿತ್ತುಕೊಂಡು ನಾನೇ ಪ್ಲೇಟಿನ ಜೊತೆ ಗುದ್ದಾಡಿದೆ. ವೈನಿನ ವಿಷಯ ಬಿಟ್ಟರೆ ನನಗೆ ಒಂದು ಬಲ್ಬು ಹಾಕಲೂ ಬಾರದು! ಹಿಂದೆ ತಿರುಗಿ ನೋಡಿದರೆ ಹಮೀದಾಕ ನೆಲದಲ್ಲಿ ಕೂತಿದ್ದಾರೆ. ನನ್ನ ಮುಖ ನೋಡಿ ಬ್ಯಾರಿ ಭಾಷೆಯಲ್ಲಿ ಯಾರನ್ನೋ ಗದರಿಸುತ್ತಿದ್ದಾರೆ. ನಾನು ಯಾರೆಂದು ಅವರಿಗೆ ತಿಳಿಯುತ್ತಿಲ್ಲ. ಹೋಟೆಲಿನ ಫಸ್ಟ್ ಏಡ್ ಟ್ರೈನಿಂಗಿನಲ್ಲಿ ಹೇಳಿಕೊಟ್ಟಿದ್ದರು: ಪೂರ್ತಿ ಎಚ್ಚರ ತಪ್ಪಿದ ಮೇಲೆ ಬಾಯಿಗೆ ಏನೂ ಹಾಕುವಂತಿಲ್ಲ, ಶ್ವಾಸನಾಳಕ್ಕೆ ಹೋಗುತ್ತದೆ. ನುಂಗಲು ಬರುವಷ್ಟು ಹೊತ್ತು ಮಾತ್ರ ನನಗೆ ಅವಕಾಶ. ಕೊಟ್ಟರೆ ಅವರ ಮಾತು ಮುರಿದಂತೆ. ಕೊಡದಿದ್ದರೆ ನನ್ನ ಕಣ್ಣೆದುರೇ ಮನುಷ್ಯ ಹೋಗುತ್ತಾನೆ. ದೇವರೇ, ಆ ರೂಮಿನ ನಾಲ್ಕು ಗೋಡೆಗಿಂತ ಇದು ಇಕ್ಕಟ್ಟಾಗಿತ್ತು. ನನಗೆ ಅಳು ಬಂತು. ಅಳುತ್ತಲೇ ಒಂದು ಹಾಫ್ ಬಾಟ್ಲಿಯ ಕಾರ್ಕ್ ತೆಗೆದೆ.

ಅವರನ್ನು ಗೋಡೆಗೆ ಒರಗಿಸಿ ನೆಟ್ಟಗೆ ಕೂರಿಸಿದೆ. ಬಾಟ್ಲಿಯನ್ನು ಅವರ ಕಣ್ಣಿನ ಮುಂದೆ ಹಿಡಿದೆ.

"ಹಮೀದಾಕ, ಇದು ವೈನ್. ಸೊಟೆರ್ನ್. ಸಕ್ಕರೆ ಉಂಟು, ಅಮಲೂ ಉಂಟು. ನಾನು ಕೊಡ್ತಾ ಇದ್ದೇನೆ."

ಅವರು ಇನ್ನೂ ಯಾರನ್ನೋ ಗದರಿಸುತ್ತಲೇ ಇದ್ದರು. ಕರ್ಚೀಫು ಅದ್ದಿ ಕೆನ್ನೆಯ ಒಳಗೆ ಸವರಿದೆ. ನುಂಗಿದರು. ಆಮೇಲೆ ಅಂಗೈಯಲ್ಲಿ ಹೊಯ್ದುಕೊಂಡು ಗುಟುಕು ಗುಟುಕಾಗಿ ಕೊಟ್ಟೆ. ಕೊನೆಗೆ ಅವರ ಕಣ್ಣು ನನ್ನ ಮುಖದ ಮೇಲೆ ನಿಂತಿತು. "ಪೊರ್ಬುಗಳೇ," ಅಂದು ಮತ್ತೆ ಕಣ್ಣು ಮುಚ್ಚಿದರು.

ಸಂಜೆಯ ಬಾಂಗ್‌ಗೆ ಮೊದಲು ಸೆಕ್ಯೂರಿಟಿಯ ಸಯೀದ್, ಒಮಾನಿ ಹುಡುಗ, ಹಮೀದಾಕ ಇಫ್ತಾರಿಗೆ ಇನ್ನೂ ಬಂದಿಲ್ಲವೆಂದು ಹುಡುಕುತ್ತಾ ಇಳಿದು ಬಂದ. ಟ್ರಾಲಿ ನೋಡಿ ಹೊರಗಿನ ಹಿಡಿ ತಿರುಗಿಸಿ ಬಾಗಿಲು ತೆರೆದ. ಬಾಟ್ಲಿ ಕಂಡಿತು, ಹಮೀದಾಕ ಕಂಡರು. ಏನೂ ಕೇಳದೆ "ಯಲ್ಲಾ, ಯಲ್ಲಾ" ಎಂದು ಅವಸರಿಸುತ್ತಾ ಅವರನ್ನು ಎತ್ತಿಕೊಂಡು ಓಡಿದ.

ಆಸ್ಪತ್ರೆಯ ಕಾರಿಡಾರಿನಲ್ಲಿ ಮ್ಯಾನೇಜರ್ ನನ್ನನ್ನು ಪಕ್ಕಕ್ಕೆ ಕರೆದರು. ರಂಜಾನಿನಲ್ಲಿ ಉಪವಾಸವಿದ್ದ ಮುಸಲ್ಮಾನನಿಗೆ ವೈನ್ ಕುಡಿಸಿದ್ದೇನೆಂದು ಹಮೀದ್ ಒಂದು ಕಂಪ್ಲೇಂಟ್ ಕೊಟ್ಟರೆ ನನ್ನ ವೀಸಾ ಹೋಗುತ್ತದೆ, ಹೋಟೆಲಿನ ಲೈಸನ್ಸಿಗೂ ಕುತ್ತು. "ಡಾಕ್ಟರಿಗೆ ನಿಜ ಹೇಳಿದ್ದೇನೆ. ಅವನಿಗೆ ಮಾತ್ರ ಜ್ಯೂಸ್ ಅಂತ ಹೇಳು, ಖಲಾಸ್," ಅಂದರು. ನನಗೂ ಹಾಗೆ ಹೇಳಿಬಿಡುವ ಆಸೆಯಾಯಿತು. ಮಗಳ ಕಾಲೇಜು ಇನ್ನೂ ಮುಗಿದಿರಲಿಲ್ಲ.

ಆದರೆ ನಮ್ಮ ವೃತ್ತಿಯಲ್ಲಿ ಮೊದಲ ದಿನವೇ ಕಲಿಸುವುದು ಒಂದು: ಬಾಟ್ಲಿ ತೋರಿಸಬೇಕು, ಹೆಸರು ಹೇಳಬೇಕು, ಆಮೇಲೆ ಸುರಿಯಬೇಕು. ಕುಡಿಯುವವನಿಗೆ ತಾನು ಏನು ಕುಡಿಯುತ್ತಿದ್ದೇನೆಂದು ಗೊತ್ತಿರಬೇಕು. ಇಪ್ಪತ್ತೆಂಟು ವರ್ಷ ಇದನ್ನು ದೊಡ್ಡ ಹೋಟೆಲಿನ ಶಿಸ್ತು ಎಂದಷ್ಟೇ ತಿಳಿದಿದ್ದೆ. ಅದು ಗಿರಾಕಿಗೆ ನಾವು ಕೊಡಬೇಕಾದ ಮರ್ಯಾದೆ ಎಂದು ಆ ವಾರ್ಡಿನ ಬಾಗಿಲಲ್ಲಿ ನನಗೆ ಅರ್ಥವಾಯಿತು. ಒಳಗೆ ಹೋಗಿ ಎಲ್ಲವನ್ನೂ ಹೇಳಿದೆ.

ಹಮೀದಾಕ ದಿಂಬಿಗೆ ಒರಗಿ ಎದ್ದು ಕೂತರು.

"ನಾನು ಬೇಡ ಅಂದಿದ್ದೆ."

"ಹೌದು."

"ಮ್ಯಾನೇಜರ್ ಆಗಲೇ ಬಂದು ಜ್ಯೂಸ್ ಅಂತ ಹೇಳಿ ಹೋದ್ರು. ನನಗೆ ಸಮಾಧಾನ ಆಗಿತ್ತು. ನೀವ್ಯಾಕೆ ಬಂದು ಹೇಳಿದ್ರಿ?"

ನಾನು ಮಂಚದ ಪಕ್ಕದ ಸ್ಟೂಲ್ ಎಳೆದು ಕೂತೆ.

"ಕುಡಿದದ್ದನ್ನು ನಾನೂ ಅಲ್ಲಾಹುವೂ ನೋಡಿಕೊಳ್ತೇವೆ," ಅಂದರು. "ನೀವೂ ಜ್ಯೂಸ್ ಅಂತ ಹೇಳಿ, ನಾಳೆ ನಿಜ ಗೊತ್ತಾಗಿದ್ರೆ, ಸಾಯುವ ತನಕ ನಿಮ್ಮ ಕೈಯಿಂದ ಒಂದು ಹನಿ ನೀರು ಕುಡೀತಿರ್ಲಿಲ್ಲ ಪೊರ್ಬುಗಳೇ."

ಆಮೇಲೆ ಮಂಚದ ಪಕ್ಕದ ನೀರಿನ ಗ್ಲಾಸಿನ ಕಡೆ ಕೈ ತೋರಿಸಿದರು.

"ಅದನ್ನು ಕೊಡಿ."