ಟ್ರೈಲರಿಗೆ ಅಡ್ಡ ಮಲಗಿದ ಅಜ್ಜ

ಜಪಾನಿನ ಆ ಮುದುಕ ಕ್ಯಾಮೆರಾಮನ್ ಏನನ್ನು ಕಂಡರೂ ಅದರೆದುರು ಮಲಗಿಬಿಡುತ್ತಿದ್ದ. ಮಹಾಯುದ್ಧ ಮುಗಿದ ಮೇಲಿನ ವರ್ಷಗಳಲ್ಲಿ ಅವನು ಐತಿಹಾಸಿಕ ಸಿನಿಮಾಗಳ ಕಾಳಗದ ದೃಶ್ಯ ತೆಗೆದವನಂತೆ. ನೆಲಕ್ಕೆ ಅಂಟಿಕೊಂಡು, ಮೈಮೇಲೆ ನುಗ್ಗುವ ಕುದುರೆಗಳನ್ನು ಕೆಳಗಿನಿಂದ ಚಿತ್ರಿಸುವುದರಲ್ಲಿ ಹೆಸರುವಾಸಿ. ಅಂಥ ಸಿನಿಮಾಗಳಿಗೆ ಜನ ಬರುವುದು ನಿಂತಮೇಲೆ, ತೊಂಬತ್ತರ ದಶಕದಲ್ಲಿ, ಸೌದಿಯಲ್ಲಿ ನಾವು ಹಾಕುತ್ತಿದ್ದ ನೀರಿನ ಪೈಪುಗಳ ಪ್ರಚಾರಚಿತ್ರ ತೆಗೆಯಲು ಬಂದಿದ್ದ. ಅವನನ್ನು ಕಾಯುವ ಕೆಲಸ ನನ್ನದು. "ಅವನಿಗೇನಾದರೂ ಆದರೆ ನಿನ್ನ ಪಾಸ್‌ಪೋರ್ಟ್ ಮರೆತುಬಿಡು" ಎಂದಿದ್ದ ಕಫೀಲ್, ನಮಗೆ ವೀಸಾ ಕೊಟ್ಟು ಕರೆಸಿಕೊಂಡಿದ್ದ ಅರಬ್ ಧಣಿ.

ಆ ದಿನ ಅವನು ರಸ್ತೆಯ ನಡುವೆ ಮಲಗಿ, ಪೈಪು ಹೊತ್ತ ಟ್ರೈಲರನ್ನು ತನ್ನತ್ತ ಓಡಿಸಿ ತರುವಂತೆ ಸನ್ನೆ ಮಾಡಿದ. ನಾನು ಬಾವುಟ ಬೀಸಿದಾಗ ಅದು ನಿಲ್ಲಬೇಕು. ಅವನೋ "ಮೋರ್ ನಿಯರ್" ಎನ್ನುತ್ತಲೇ ಇದ್ದ. ಅವನಿಗೆ ಬರುತ್ತಿದ್ದ ಇಂಗ್ಲಿಷ್ ಅಷ್ಟೇ. ಕೊನೆಗೆ ಬೀಸಿದೆ. ರಸ್ತೆಗೆ ಹರಡಿದ್ದ ಮರಳಿನಲ್ಲಿ ಬ್ರೇಕು ಹಿಡಿಯಲಿಲ್ಲ. ಟ್ರೈಲರ್ ಜಾರುತ್ತ ಬಂದು, ಬಂಪರು ಅವನ ಟೋಪಿಯ ಮೇಲಕ್ಕೆ ಬಂದಮೇಲೆ ನಿಂತಿತು. ಈಗಲೂ ಕಣ್ಣು ಮುಚ್ಚಿದರೆ ಆ ಬಂಪರು ಬರುತ್ತದೆ. ಕೆಲವು ಸಲ ನಿಲ್ಲುವುದಿಲ್ಲ.

ಪುತ್ತೂರಿನ ಡ್ರೈವರ್ ಇಳಿದವನೇ ನನ್ನತ್ತ ಓಡಿಬಂದ. "ಎಂತ ಮಾರಾಯ್ರೆ, ಈ ಅಜ್ಜನಿಗೆ ಹೆದರಿಕೆ ಅಂತ ಒಂದಿಲ್ವಾ?"

ಅಜ್ಜ ತೆವಳಿ ಹೊರಬಂದು, ಎರಡೂ ಕೈಗಳನ್ನು ಗೊರಸಿನಂತೆ ಮಡಿಸಿ ಹಾರಿಸಿ ತೋರಿಸಿದ. ಮಲಗಿದವನನ್ನು ಕುದುರೆ ತುಳಿಯುವುದಿಲ್ಲ, ದಾಟಿ ಹೋಗುತ್ತದೆ ಎಂಬುದು ಅವನ ಸನ್ನೆ.

"ಇದು ದಾಟುದಿಲ್ಲ ಅಂತ ಹೇಳಿ ಅವರಿಗೆ" ಎಂದ ಡ್ರೈವರ್.

ಕೈಸನ್ನೆಯಲ್ಲಿ ಹೇಳಿದೆ. ಅಜ್ಜ ಬಗ್ಗಿ ಚಕ್ರಗಳನ್ನು ನೋಡಿ ತುಸು ಬಿಳಿಚಿಕೊಂಡ. ಆಮೇಲೆ ಬಿಸಿ ಬಾನೆಟ್ಟನ್ನು ಕುದುರೆಯ ಕತ್ತು ಸವರುವಂತೆ ಸವರಿದ.

"ಇನ್ನು ಹುಲ್ಲು ಹಾಕ್ಲಿಕ್ಕೆ ಹೇಳ್ಬೇಡಿ" ಎಂದ ಡ್ರೈವರ್.