ಲೇಡೀಸ್ ಬೋಗಿಯ ನ್ಯಾಯ

ನಮ್ಮ ಬೆಳಗಿನ ಪ್ಯಾಸೆಂಜರ್ ರೈಲಿನ ಲೇಡೀಸ್ ಬೋಗಿಯಲ್ಲಿ ದಿನಕ್ಕೊಂದು ನ್ಯಾಯ ನಡೆಯುತ್ತದೆ. ಕೆಲಮಂಗಲದಲ್ಲಿ ಹತ್ತಿದವರು ಹೊಸೂರಿನಲ್ಲಿ ಇಳಿಯುವಷ್ಟರಲ್ಲಿ ತೀರ್ಪು ಆಗಬೇಕು. ಬಹುತೇಕ ಎಲ್ಲರೂ ಫ್ಯಾಕ್ಟರಿಗೆ ಹೋಗುವವರೇ. ನಾನೂ ಒಂದು ಕಂಪನಿಯಲ್ಲಿ ಪ್ಯಾಕಿಂಗ್ ಕೆಲಸದಲ್ಲಿದ್ದೇನೆ. ಬಾಯಿ ಸುಮ್ಮನಿರದವಳು ಎಂದು ಬೋಗಿಯಲ್ಲಿ ನನಗೆ ಹೆಸರಿದೆ, ಅದು ಸುಳ್ಳೇನೂ ಅಲ್ಲ.

ಇದೆಲ್ಲ ಶುರುವಾದದ್ದು ನಮ್ಮಲ್ಲೊಬ್ಬಳು ತನ್ನ ಕಂಪನಿಯ ಟ್ರೈನಿಂಗ್ ಕ್ಲಾಸಿನಿಂದ ಹೊತ್ತು ತಂದ ಪ್ರಶ್ನೆಯಿಂದ. ಬ್ರೇಕ್ ಹಿಡಿಯದ ರೈಲು ಬರುತ್ತಿದೆ. ಎದುರಿನ ಹಳಿಯ ಮೇಲೆ ಐದು ಜನ, ಪಕ್ಕದ ಹಳಿಯ ಮೇಲೆ ಒಬ್ಬನೇ. ಹಳಿ ಬದಲಿಸುವ ಹಿಡಿ ನಿನ್ನ ಕೈಯಲ್ಲಿದೆ, ಏನು ಮಾಡುತ್ತೀಯ? ವಾರವಿಡೀ ಕನ್ನಡ, ತಮಿಳು, ತೆಲುಗು ಮೂರರಲ್ಲೂ ಜಗಳವಾಡಿದೆವು. ಆ ಒಬ್ಬನಿಗೆ ಮಕ್ಕಳಿದ್ದಾರೆಯೇ ಕೇಳಿ ಎಂದಳು ಒಬ್ಬಳು. ಐವರೂ ಕುಡಿದಿರಬೇಕು, ಇಲ್ಲದಿದ್ದರೆ ರೈಲು ಬರುವುದು ಕೇಳಿಸುತ್ತಿರಲಿಲ್ಲವೇ ಎಂದಳು ಇನ್ನೊಬ್ಬಳು. ಪ್ಯಾಕಿಂಗ್ ಹೆಂಗಸಿನ ಕೈಗೆ ರೈಲಿನ ಹಿಡಿ ಕೊಟ್ಟ ಪುಣ್ಯಾತ್ಮ ಯಾರು ಎಂದು ನಾನು ಕೇಳಿದೆ. ತೀರ್ಪು ಆಗಲಿಲ್ಲ, ಆದರೆ ಚಟ ಹತ್ತಿಬಿಟ್ಟಿತು. ಆಮೇಲೆ ಮನೆಯ ತಾಪತ್ರಯ, ಕೆಲಸದ ಗೋಳು ಎಲ್ಲವೂ ನ್ಯಾಯಕ್ಕೆ ಬಂದವು. ಕಟ್ಟಳೆ ಒಂದೇ: ಯಾರದೋ ಕಥೆ ಎನ್ನುವಂತೆ ಹೇಳಬೇಕು, ಅದು ಯಾರದೆಂದು ಯಾರೂ ಕೇಳಬಾರದು.

ನಮ್ಮ ಜೊತೆ ಬರುತ್ತಿದ್ದ ಒಬ್ಬ ಅಕ್ಕ ಎಂದೂ ನ್ಯಾಯ ಹಾಕಿದವಳಲ್ಲ. ಕಿಟಕಿ ಪಕ್ಕ ಕೂತು ನಮ್ಮ ಜಗಳ ಕೇಳಿ ನಗುತ್ತಿದ್ದಳು, ಅಷ್ಟೇ. ತಗಡು ಒತ್ತುವ ಪ್ರೆಸ್ ಮೆಷಿನ್ನಿನ ಮೇಲೆ ಬಹಳ ವರ್ಷದಿಂದ ಕಾಂಟ್ರ್ಯಾಕ್ಟ್ ಕೆಲಸ ಅವಳದು. ಗಂಡನ ರಾಗಿ ಹೊಲ ಮನೆಯವರ ಊಟಕ್ಕೆ ಸಾಕಾಗುತ್ತಿತ್ತು. ಮಗಳ ನರ್ಸಿಂಗ್ ಓದು ನಡೆಯುತ್ತಿದ್ದುದು ಇವಳ ಸಂಬಳದಲ್ಲಿ. ಅಂಥವಳು ಒಂದು ದಿನ ತಾನೇ ಬಾಯಿಬಿಟ್ಟಳು.

"ಒಬ್ಳು ಅವ್ಳೆ ಅನ್ಕಳ್ರಿ. ಹೊಸ ಹುಡುಗೀಗೆ ಕೆಲ್ಸ ಕಲ್ಸು ಅಂದವ್ರೆ. ಹುಡುಗಿ ಕಲ್ತಾದ್ಮೇಲೆ ಇವಳ್ನ ಮನೆಗ್ ಕಳಿಸ್ತಾರೆ. ಎಷ್ಟ್ ಕಲಿಸ್ಬೇಕು?"

ಯಾರ ಕಥೆ ಎಂದು ಬೋಗಿಗೆಲ್ಲ ಗೊತ್ತಾಯಿತು. ಕಟ್ಟಳೆ ಕಟ್ಟಳೆಯೇ, ಯಾರೂ ಕೇಳಲಿಲ್ಲ. ನಾನು ತಡಮಾಡದೆ ತೀರ್ಪು ಕೊಟ್ಟೆ: ಅರ್ಧ ಕಲಿಸಲಿ, ಮಿಕ್ಕದ್ದು ತನ್ನ ಕೈಯಲ್ಲೇ ಇಟ್ಟುಕೊಳ್ಳಲಿ, ಆಗ ಇವಳಿಲ್ಲದೆ ಅವರ ಕೆಲಸ ಸಾಗುವುದಿಲ್ಲ. ಎಲ್ಲರೂ ಹೌದೌದು ಎಂದರು. ಅಪರೂಪಕ್ಕೆ ಜಗಳವಿಲ್ಲದೆ ಮುಗಿಯಿತಲ್ಲ ಎಂದು ನಾನು ಬೀಗುತ್ತಿದ್ದೆ. ಅಕ್ಕ ಆ ಮೆಷಿನ್ನಿನ ವಿಷಯ ಹೇಳತೊಡಗಿದಳು. ಅದು ಹಳೆಯ ಪ್ರೆಸ್. ಒಮ್ಮೊಮ್ಮೆ ಯಾರೂ ಒತ್ತದೆಯೇ ಎರಡನೇ ಸಲ ತಾನಾಗಿ ಇಳಿದುಬಿಡುತ್ತದೆ. ಇಳಿಯುವ ಮುಂಚೆ ಉಸ್ಸೆಂದು ಸಣ್ಣಗೆ ಗಾಳಿ ಬಿಡುತ್ತದೆ. ದೂರು ಕೊಟ್ಟರೆ ರಿಪೇರಿಯವರು ಬರುತ್ತಾರೆ, ನಾಲ್ಕು ದಿನ ಸರಿಯಿದ್ದು ಮತ್ತೆ ಅದೇ ಹಾಡು. ಅಷ್ಟು ಗಲಾಟೆಯಲ್ಲಿ ಆ ಸದ್ದನ್ನು ಹಿಡಿಯುವ ಕಿವಿ ಇರುವುದು ಅವಳೊಬ್ಬಳಿಗೇ.

"ಕಲಿಸ್ದೆ ಬಿಟ್ಟ್ ಅರ್ಧದಾಗೆ ಆ ಹುಡುಗಿ ಬೆರಳಿದ್ರೆ?" ಎಂದಳು.

ಅಷ್ಟರಲ್ಲಿ ಹೊಸೂರು ಬಂತು, ನ್ಯಾಯ ಮತ್ತೆ ತೀರ್ಪಿಲ್ಲದೆ ಉಳಿಯಿತು.

ಮರುವಾರ ಅಕ್ಕ ಆ ಹುಡುಗಿಯನ್ನು ನಮ್ಮ ಬೋಗಿಗೇ ಕರೆತಂದಳು. ನಾಟ್ರಾಂಪಾಳ್ಯದ ಕಡೆಯವಳು, ಕೆಲಮಂಗಲದ ಸೋದರತ್ತೆ ಮನೆಯಲ್ಲಿದ್ದುಕೊಂಡು ಕೆಲಸಕ್ಕೆ ಬರುತ್ತಿದ್ದಳು. ಅಕ್ಕ ಅವಳನ್ನು ಎದುರು ಕೂರಿಸಿಕೊಂಡು, ಇಬ್ಬರ ನಡುವೆ ಊಟದ ಡಬ್ಬಿ ಇಟ್ಟು, ಅದರ ಮೇಲೆ ಕೈಯಿಡು ಎಂದಳು. ರೈಲು ನಿಂತು ಬ್ರೇಕಿನ ಗಾಳಿ ಉಸ್ಸೆಂದಾಗ ಕೈ ಹಿಂದಕ್ಕೆ ಬರಬೇಕು. ತಡವಾದರೆ ಅಕ್ಕ ಅಂಗೈಯಿಂದ ಫಟ್ಟನೆ ಒಂದು ಏಟು ಹಾಕುತ್ತಿದ್ದಳು. ನಾವೆಲ್ಲ ಬೇಕೆಂದೇ ಜೋರಾಗಿ ಮಾತಾಡಬೇಕು, ಹಾಡಬೇಕು, ಆ ಗಲಾಟೆಯಲ್ಲೂ ಅವಳಿಗೆ ಸದ್ದು ಕೇಳಿಸಬೇಕು. ಗಲಾಟೆಯ ಕೆಲಸ ನನ್ನ ಪಾಲಿಗೆ ಬಂತು. ಪಾಪ, ಮೊದಮೊದಲು ಹುಡುಗಿಯ ಕೈ ಕೆಂಪಾಗುತ್ತಿತ್ತು.

ಒಂದು ದಿನ ಸ್ಟೇಷನ್ನಿನ ಮೆಟ್ಟಿಲ ಮೇಲೆ ಅಕ್ಕನನ್ನು ಹಿಡಿದು ನಿಲ್ಲಿಸಿ, ನಿನ್ನ ಅನ್ನಕ್ಕೆ ನೀನೇ ಕಲ್ಲು ಹಾಕಿಕೊಳ್ಳುತ್ತಿದ್ದೀಯ, ಬುದ್ಧಿ ನೆಟ್ಟಗಿದೆಯೇ ಎಂದು ರೇಗಿದೆ. ಅವಳಿಗೆ ಕೋಪ ಬರಲಿಲ್ಲ.

"ನನ್ ಕೆಲ್ಸ ಕಿತ್ಕಳ್ಳೋದು ಆ ಹುಡುಗಿ ಅಲ್ಲ ಕಣೆ. ಆದ್ರೆ ಹೋಗೋ ಕೈ ಮಾತ್ರ ಅವಳ್ದೇ" ಎಂದಳು. ಮೆಟ್ಟಿಲಿಳಿದು ಹುಡುಗಿಯನ್ನು ಕರೆದುಕೊಂಡು ಕಂಪನಿ ಬಸ್ಸಿನ ಕಡೆಗೆ ನಡೆದುಬಿಟ್ಟಳು.

ನಾನು ಯಾರನ್ನೂ ಅಷ್ಟು ಸುಲಭಕ್ಕೆ ಹೊಗಳುವವಳಲ್ಲ. ಆದರೆ ಅವತ್ತು ಅವಳ ಬೆನ್ನು ನೋಡುತ್ತಾ ನಿಂತಾಗ ಎಷ್ಟು ದೊಡ್ಡ ಹೆಂಗಸು ಇವಳು ಅನ್ನಿಸಿ ಕಣ್ಣು ತುಂಬಿಬಂತು. ಕ್ಲಾಸಿನ ಆ ಪ್ರಶ್ನೆಯಲ್ಲಿ ಹಿಡಿ ಹಿಡಿದವನು ದೂರ ನಿಂತಿರುತ್ತಾನೆ, ಅವನಿಗೇನೂ ಆಗುವುದಿಲ್ಲ. ಹಿಡಿಯೂ ನಿನ್ನ ಕೈಯಲ್ಲಿದ್ದು, ಪಕ್ಕದ ಹಳಿಯ ಮೇಲೆ ನಿಂತವಳೂ ನೀನೇ ಆದರೆ ಏನು ಮಾಡುತ್ತೀಯ ಎಂದು ನಮ್ಮನ್ನು ಯಾರೂ ಕೇಳಿರಲಿಲ್ಲ.

ಹೇಳಿದಂತೆಯೇ ಅಕ್ಕನನ್ನು ಕೆಲಸದಿಂದ ಬಿಡಿಸಿದರು. ಈಗ ಕೆಲಮಂಗಲದ ಹತ್ತಿರ ಒಂದು ಗುಲಾಬಿ ತೋಟದಲ್ಲಿ ಹೂ ಕೊಯ್ಯುತ್ತಾಳೆ. ಸಂಬಳ ಕಡಿಮೆ. ಮಗಳು ಓದು ಬಿಟ್ಟಿಲ್ಲ, ಹೇಗೋ ತೂಗಿಸುತ್ತಿದ್ದೇನೆ ಅನ್ನುತ್ತಾಳೆ. ಸಂತೆಯಲ್ಲಿ ಸಿಕ್ಕಾಗಲೆಲ್ಲ ಮೊದಲು ಹುಡುಗಿ ಹೇಗಿದ್ದಾಳೆ ಎಂದೇ ಕೇಳುತ್ತಾಳೆ.

ಹುಡುಗಿ ಈಗ ಅದೇ ಕಿಟಕಿ ಪಕ್ಕ ಕೂರುತ್ತಾಳೆ. ಮೊನ್ನೆ ಓವರ್‌ಟೈಮಿನ ಸುಸ್ತಿಗೆ ಕೂತಲ್ಲೇ ನಿದ್ದೆ ಹೋಗಿದ್ದಳು, ಕೈಗಳು ಮಡಿಲಲ್ಲಿದ್ದ ಊಟದ ಡಬ್ಬಿಯ ಮೇಲಿದ್ದವು. ಎಂದಿನಂತೆ ನಮ್ಮ ಗದ್ದಲ ನಡೆದೇ ಇತ್ತು. ಹೊಸೂರಿನಲ್ಲಿ ರೈಲು ನಿಂತು ಬ್ರೇಕು ಉಸ್ಸೆಂದಿತು. ಕಣ್ಣು ತೆರೆಯಲಿಲ್ಲ, ಎರಡೂ ಕೈ ಮಾತ್ರ ಥಟ್ಟನೆ ಎದೆಯ ಹತ್ತಿರ ಬಂದವು. ಅವಳನ್ನು ಎಬ್ಬಿಸುವ ಮುಂಚೆ ನಾನು ಆ ಬೆರಳುಗಳನ್ನು ಒಂದು ಗಳಿಗೆ ನೋಡುತ್ತಾ ನಿಂತೆ.