ಎಡಮಗ್ಗಲ ಏಳವಲ್ದು

ಕಳೆದ ವರ್ಷ ಶ್ರಾವಣದ ಎರಡನೇ ಮಂಗಳವಾರ, ಬೆಳಿಗ್ಗೆ ಹತ್ತು ಗಂಟೆ ಹತ್ತು ನಿಮಿಷಕ್ಕೆ, ಗದ್ವಾಲದ ಒಂದು ಖಾಸಗಿ ದವಾಖಾನೆಯಲ್ಲಿ ನನ್ನ ಅವ್ವನ ಗಂಟಲಿಗೆ ಉಸಿರಾಟದ ನಳಿಗೆ ಇಳಿಸಿದರು. ನಳಿಗೆ ನಿಲ್ಲಬೇಕಾದ ಜಾಗ ದಾಟಿ ಆಳಕ್ಕೆ ಹೋಯಿತು. ಆರನೇ ದಿನ ಅವ್ವ ಕರ್ನೂಲಿನಲ್ಲಿ ತೀರಿಕೊಂಡಳು. ಸಾವಿನ ಪತ್ರದಲ್ಲಿ ಕಾರಣ ಹಾವು ಕಡಿತ ಎಂದಿದೆ.

ಹಾವು ಕಡಿದದ್ದು ನಿಜ. ಮಾಗನೂರು ಕಡೆಯ ನಮ್ಮ ಊರಿನಲ್ಲಿ ಅವ್ವ ಬೆಳಿಗ್ಗೆ ಎದ್ದಾಗ ರೆಪ್ಪೆಗಳು ಮೇಲೆ ಬರುತ್ತಿರಲಿಲ್ಲ. ಮಾತು ತೊದಲುತ್ತಿತ್ತು. ನೆಲದ ಮೇಲೆ ಮಲಗಿದವರನ್ನು ನೋವೇ ಆಗದಂತೆ ಕಡಿದು ಹೋಗುವ ಕಟ್ಟುಹಾವು ಎಂದು ಅಪ್ಪನಿಗೆ ನೋಡಿದ ಕೂಡಲೇ ತಿಳಿಯಿತು. ಪಕ್ಕದ ಮನೆಯವರ ಜೀಪಿನಲ್ಲಿ ಮಕ್ತಲ್‌ಗೆ ತಂದ. ನಾನು ಇರುವುದು ಮಕ್ತಲ್‌ನಲ್ಲೇ. ರಾಯಚೂರಿನ ಒಂದು ಕನ್ನಡ ಪತ್ರಿಕೆಗೆ ಗಡಿಯ ಈಚಿನ, ತೆಲಂಗಾಣದ ಕಡೆಯ ಸುದ್ದಿ ಕಳಿಸುತ್ತೇನೆ. ಸರಕಾರಿ ದವಾಖಾನೆಯವರು ತಡಮಾಡದೆ ವಿಷಕ್ಕೆ ಔಷಧ ಏರಿಸಿದರು. ಉಸಿರು ಸೋಲುವ ಹಾಗಿದೆ, ಮಷೀನು ಇರುವ ಕಡೆ ಹೋಗಿ ಎಂದರು. ನಾರಾಯಣಪೇಟೆಗೆ ಫೋನು ಮಾಡಿದರೆ ಮಷೀನಿನ ಹಾಸಿಗೆ ಖಾಲಿ ಇರಲಿಲ್ಲ. ಗದ್ವಾಲದಲ್ಲಿ ಇತ್ತು.

ಆಂಬುಲೆನ್ಸಿನಲ್ಲಿ ಅವ್ವ ನನ್ನ ಕೈ ಎಳೆದು ಒಂದೇ ಮಾತು ಕೇಳಿದಳು. "ಕುರಿ ಬಿಟ್ಟು ಬಂದಾನಲ್ಲ ನಿಮ್ಮಪ್ಪ, ನೀರ್ ಯಾರು ಕುಡಸ್ತಾರಂತ?" ಅಪ್ಪ ಎದುರಿಗೇ ಕುಳಿತಿದ್ದ. ಅವಳು ಅವನನ್ನು ನೇರವಾಗಿ ಬೈದದ್ದು ನಾನು ಕೇಳಿಲ್ಲ, ಯಾವಾಗಲೂ ನನ್ನ ಮುಖಾಂತರ. ಅದೇ ಅವಳ ಕೊನೆಯ ಮಾತು.

ನನಗೆ ಟೈಮು ಬರೆದುಕೊಳ್ಳುವ ಚಟ. ಆ ದಿನದ ನೋಟುಬುಕ್ಕು ಈಗಲೂ ನನ್ನ ಹತ್ತಿರ ಇದೆ. ಹತ್ತೂ ಹತ್ತು, ನಳಿಗೆ. ಹತ್ತೂ ಇಪ್ಪತ್ತು, ಮಷೀನು ಶುರು. ಹತ್ತೂ ಮೂವತ್ತೈದು, ಡಾಕ್ಟರು: "ಸ್ಟೇಬಲ್ ಇದ್ದಾರೆ." ಅದರ ಕೆಳಗೆ ಎರಡು ಗೆರೆ ಖಾಲಿ. ಆಮೇಲೆ ಹನ್ನೊಂದೂ ಐದು, ಮಷೀನು ಕೂಗಿತು, ಕಾಂಪೌಂಡರು ಗುಂಡಿ ಒತ್ತಿ ಸುಮ್ಮನಾಗಿಸಿದ.

ಆ ಎರಡು ಖಾಲಿ ಗೆರೆಗಳ ಹೊತ್ತಿನಲ್ಲಿ ನಡೆದದ್ದು ಇಷ್ಟು. ಡಾಕ್ಟರು ನನ್ನೊಡನೆ ಮಾತಾಡುತ್ತಿರುವಾಗ ಅಪ್ಪ ಹಾಸಿಗೆಯ ತಲೆಕಡೆ ಹೋಗಿ ಅವ್ವನ ಪಕ್ಕೆಗಳ ಮೇಲೆ ಎರಡೂ ಅಂಗೈ ಇಟ್ಟ. ಅವನು ಹುಟ್ಟಿದಾಗಿನಿಂದ ಕುರಿಯವನು. ಹೊಸದಾಗಿ ಬಿದ್ದ ಮರಿ ಉಸಿರು ಹಿಡಿಯದಿದ್ದರೆ ಲೋಳೆ ಒರೆಸಿ, ಮೂಗಿಗೆ ಬಾಯಿ ಇಟ್ಟು ಊದುತ್ತಾನೆ. ಊದಿದ ಮೇಲೆ ಹೀಗೇ ಎರಡೂ ಕಡೆ ಕೈ ಇಟ್ಟು ನೋಡುತ್ತಾನೆ. ಎರಡೂ ಮಗ್ಗಲು ಸಮನಾಗಿ ಏಳುವ ತನಕ ಆ ಮರಿಯನ್ನು ತಾಯಿಗೆ ಕೊಡುವುದಿಲ್ಲ. ಕೆಮ್ಮು ಬಿದ್ದ ಕುರಿಯನ್ನೂ ಹಾಗೇ ಮುಟ್ಟಿ ನೋಡಿ ಬೇರೆ ಕಟ್ಟುತ್ತಾನೆ.

ಕೈ ತೆಗೆಯದೆ ಅಪ್ಪ ಹೇಳಿದ: "ಡಾಕ್ಟರ್ ಸಾಬ್ರ, ಎಡಮಗ್ಗಲ ಏಳವಲ್ದುರಿ. ಗಾಳಿ ಒಂದಾ ಕಡಿ ಹೊಂಟೈತಿ."

ಡಾಕ್ಟರು ತಿರುಗಿ ನೋಡಲಿಲ್ಲ. ಕಾಂಪೌಂಡರು ನಕ್ಕ. "ತಾತಾ, ಗೊರ್ರೆ ಕಾದು ಇದಿ, ಮನಿಷಿ" ಎಂದು ತೆಲುಗಿನಲ್ಲಿ, ಇದು ಕುರಿಯಲ್ಲ ಮನುಷ್ಯ ಎಂದು ಹೇಳಿ, ಕುರಿ ಡಾಕ್ಟರು ಬಂದಿದ್ದಾರೆ ಎಂದು ನರ್ಸಮ್ಮನಿಗೂ ಕೇಳುವಂತೆ ಹೇಳಿದ. ಅಪ್ಪ ನನ್ನ ಕಡೆ ನೋಡಿದ. ನನ್ನ ಕೈಯಲ್ಲಿ ಪೆನ್ನು ಇತ್ತು.

"ನೀ ಸುಮ್ಕಿರಪ್ಪಾ" ಅಂದೆ. "ಅವರು ಓದಿದವರು ಅದಾರ."

ಅವನು ಕೈ ತೆಗೆದ. ನಾನು ಬರೆದುಕೊಳ್ಳಲಿಲ್ಲ. ಹದಿನೆಂಟು ವರ್ಷದಿಂದ ನನ್ನ ಕೆಲಸದ ರೀತಿ ಅದು. ಅಧಿಕಾರವುಳ್ಳವರು ಹೇಳಿದ್ದನ್ನು ಅವರ ಮಾತಿನಲ್ಲೇ, ಟೈಮು ಹಾಕಿ ಬರೆಯುತ್ತೇನೆ. ಗುಂಪಿನಲ್ಲಿ ಯಾರೋ ಅಂದದ್ದನ್ನು ಬಿಡುತ್ತೇನೆ. ಆ ಬೆಳಿಗ್ಗೆ ನನ್ನ ಅಪ್ಪ ಗುಂಪಿನಲ್ಲಿ ಯಾರೋ ಆಗಿದ್ದ.

ಎದೆಯ ಎಕ್ಸ್‌ರೇ ತೆಗೆಯಲಿಲ್ಲ. ತೆಗೆಯುವವನು ಐಜದಲ್ಲಿ ಒಂದು ಮದುವೆಗೆ ಹೋಗಿದ್ದಾನೆ, ಮಧ್ಯಾಹ್ನ ಬರುತ್ತಾನೆ ಎಂದರು. ಮಷೀನು ಇನ್ನೂ ಐದು ಸಲ ಕೂಗಿತು, ಐದರ ಟೈಮೂ ಬರೆದಿದ್ದೇನೆ. ಸಂಜೆ ನಾಲ್ಕಕ್ಕೆ ಅವ್ವನ ಉಗುರು ನೀಲಿಯಾಯಿತು. ಕರ್ನೂಲಿಗೆ ಒಯ್ಯಿರಿ ಎಂದು ಬರೆದುಕೊಟ್ಟರು.

ಕರ್ನೂಲಿನಲ್ಲಿ ಒಬ್ಬ ಡಾಕ್ಟರಮ್ಮ ನಳಿಗೆಯ ಮೇಲಿನ ಅಳತೆ ನೋಡಿದರು. ಹಲ್ಲಿನ ಹತ್ತಿರ ಇಪ್ಪತ್ತಾರು ಸೆಂಟಿಮೀಟರು ಇತ್ತು. ಅವ್ವನದು ಸಣ್ಣ ಆಳು, ಇಪ್ಪತ್ತಕ್ಕೆ ನಿಲ್ಲಬೇಕಿತ್ತಂತೆ. ಅವರು ಚೀಟಿಯ ಹಿಂದೆ ಚಿತ್ರ ಬರೆದು ತಿಳಿಸಿದರು. ಉಸಿರಿನ ಕೊಳವೆ ಎದೆಯೊಳಗೆ ಎರಡು ಕವಲಾಗುತ್ತದೆ. ಬಲ ಕವಲು ಹೆಚ್ಚು ನೇರ. ನಳಿಗೆ ಹೆಚ್ಚು ಇಳಿದರೆ ಅದರೊಳಗೇ ಹೋಗಿ ಕೂರುತ್ತದೆ. ಬಲ ಶ್ವಾಸಕೋಶಕ್ಕೆ ಎರಡರ ಗಾಳಿ, ಎಡಕ್ಕೆ ಏನೂ ಇಲ್ಲ. ಎಡದ್ದು ಮೆಲ್ಲಗೆ ಗಾಳಿ ಕಳೆದುಕೊಂಡು ಮುದುಡುತ್ತದೆ. ಎರಡೂ ಕಡೆ ಕಿವಿಗೊಟ್ಟು ಕೇಳಿದ್ದರೆ, ನೋಡಿದ್ದರೂ ಸಾಕಿತ್ತು, ಆ ಕ್ಷಣದಲ್ಲೇ ಹಿಂದಕ್ಕೆ ಎಳೆಯಬಹುದಿತ್ತು. ಅವರು ಎಳೆದರು. ಎಕ್ಸ್‌ರೇಯಲ್ಲಿ ಎಡಗಡೆ ಪೂರಾ ಬೆಳ್ಳಗಿತ್ತು. ಮುದುಡಿದ್ದು ಪೂರ್ತಿ ಬಿಚ್ಚಿಕೊಳ್ಳಲಿಲ್ಲ, ಅದರಲ್ಲಿ ನಂಜು ಕೂಡಿತು. ನಾಲ್ಕನೇ ದಿನ ಅವ್ವ ಕಣ್ಣು ತೆರೆದು ಅಪ್ಪನ ಬೆರಳು ಹಿಡಿದಳು, ಅಂದರೆ ಹಾವಿನ ವಿಷ ಇಳಿದಿತ್ತು. ಆರನೇ ದಿನ ಹೋದಳು.

ಊರಿನಲ್ಲಿ ಎಲ್ಲರೂ ಹಾವಿನ ಮಾತೇ ಆಡಿದರು. ಹುತ್ತ ಅಗೆದಿದ್ದಿರೇನು ಎಂದು ಅಪ್ಪನನ್ನು ಕೇಳಿದರು. ನಾನು ಮಣ್ಣು ಹಾಕಿ ಬಂದ ದಿನವೇ ತೀರ್ಮಾನ ಮಾಡಿದ್ದೆ. ನನಗೆ ಆ ಡಾಕ್ಟರರ ಕ್ಷಮೆ ಬೇಕಿರಲಿಲ್ಲ. ಗದ್ವಾಲದಲ್ಲಿ ಅವರ ಬೋರ್ಡು ಇಳಿಯಬೇಕಿತ್ತು. ಸಾವಿನ ಪತ್ರದಲ್ಲಿ ಹಾವಿನ ಜಾಗಕ್ಕೆ ಅವರ ಕೈ ಬರಬೇಕಿತ್ತು. ಪತ್ರಿಕೆಯಲ್ಲಿ ಬರೆಯಲಿಲ್ಲ, ನನ್ನ ಮನೆಯ ಸುದ್ದಿಯನ್ನು ನಾನೇ ಬರೆಯುವ ಪದ್ಧತಿ ನಮ್ಮಲ್ಲಿ ಇಲ್ಲ. ಜಿಲ್ಲಾ ಆರೋಗ್ಯ ಅಧಿಕಾರಿಗೆ ದೂರು ಬರೆದೆ, ದವಾಖಾನೆಯ ದಾಖಲೆ ಕೇಳಿದೆ. ನಕಲು ಬರುವ ತನಕ ಪ್ರತಿ ಸೋಮವಾರ ಆ ದವಾಖಾನೆಗೆ ಹೋಗಿ, ಅವರ ಕೋಣೆಯ ಬಾಗಿಲಿಗೆ ಎದುರಿನ ಬೆಂಚಿನಲ್ಲಿ ಕುಳಿತು, ನೋಟುಬುಕ್ಕು ತೆರೆದಿಟ್ಟುಕೊಂಡೆ. ಅವರು ಬಂದ ಟೈಮು, ಎದ್ದ ಟೈಮು. ಮೊದಲ ವಾರ ಕಾಂಪೌಂಡರು ಏಳಿಸಲು ನೋಡಿದ. ಮೂರನೇ ವಾರ ಡಾಕ್ಟರು ಹಿಂದಿನ ಬಾಗಿಲಿನಿಂದ ಬರತೊಡಗಿದರು. ಅದನ್ನೂ ಬರೆದೆ. ಡಾಕ್ಟರರಿಗೆ ಊಟ ರುಚಿಸುತ್ತಿಲ್ಲ ಎಂದು ಯಾರೋ ಹೇಳಿದ ದಿನ ನನಗೆ ನನ್ನ ಊಟ ರುಚಿಸಿತು.

ನಕಲು ಬಂತು. ನಳಿಗೆಯ ಅಳತೆಯ ಕಡೆ ಇಪ್ಪತ್ತು ಎಂದಿತ್ತು. ಸೊನ್ನೆಯ ಕೆಳಗೆ ಇನ್ನೊಂದು ಅಂಕಿ ಇದ್ದದ್ದು ಕಾಣುತ್ತಿತ್ತು. ಡಾಕ್ಟರರ ಉತ್ತರ ಒಂದೇ ಸಾಲು: ನಮ್ಮಲ್ಲಿದ್ದಾಗ ಸರಿ ಇತ್ತು, ಕರ್ನೂಲಿನ ದಾರಿಯಲ್ಲಿ ಆಂಬುಲೆನ್ಸಿನ ಕುಲುಕಾಟಕ್ಕೆ ಜರುಗಿದೆ.

ಅಲ್ಲಿಗೆ ಎಲ್ಲವೂ ಆ ಎರಡು ಖಾಲಿ ಗೆರೆಗೆ ಬಂದು ನಿಂತಿತು. ಗದ್ವಾಲದಲ್ಲೇ ಎಡಗಡೆ ಏಳುತ್ತಿರಲಿಲ್ಲ ಎನ್ನುವುದಕ್ಕೆ ಇದ್ದ ಒಂದೇ ಮಾತು ಅಪ್ಪನದು. ಅದು ನನ್ನ ಬುಕ್ಕಿನಲ್ಲಿ ಇಲ್ಲ. ವಿಚಾರಣೆಯ ಹಿಂದಿನ ದಿನ ಅದೇ ಪೆನ್ನು ಹಿಡಿದು ಕುಳಿತೆ. ಅದೇ ಶಾಯಿ. ಅವರು ಆರನ್ನು ಸೊನ್ನೆ ಮಾಡಬಹುದಾದರೆ ನಾನು ನಡೆದ ಮಾತನ್ನು ನಡೆದ ಜಾಗದಲ್ಲಿ ಬರೆಯಬಾರದೆ? ಹತ್ತೂ ಮೂವತ್ತೈದು, ಅಪ್ಪ: "ಎಡಮಗ್ಗಲ ಏಳವಲ್ದು." ಅಷ್ಟು ಬರೆದರೆ ಆ ಡಾಕ್ಟರು ಮುಗಿದಂತೆ. ಪೆನ್ನಿನ ಮುಚ್ಚಳ ತೆಗೆದಿದ್ದೆ. ಅಪ್ಪ ಕಂಬಳಿಯ ಮೇಲೆ ಕುಳಿತು ನೋಡುತ್ತಿದ್ದ. ಅವನಿಗೆ ಓದಲು ಬರುವುದಿಲ್ಲ, ಆದರೆ ನಾನು ಏನು ಮಾಡುತ್ತಿದ್ದೇನೆ ಎಂದು ತಿಳಿದಿತ್ತು.

"ತಮ್ಮಾ, ಅವತ್ತ ಬರೀಲಿಲ್ಲ" ಅಂದ. "ಇವತ್ತ ಬರದ್ರ ಅಂವಗೂ ನಿನಗೂ ಏನ್ ಫರಕ್? ನಾನಾ ಹೇಳ್ತೀನಿ ಬಿಡು."

ವಿಚಾರಣೆಗೆ ಅಧಿಕಾರಿ, ಗುಮಾಸ್ತರು, ಡಾಕ್ಟರು, ನಾವಿಬ್ಬರು. ಅಧಿಕಾರಿ ನೋಟುಬುಕ್ಕು ನೋಡಿ, ನಿಮ್ಮ ತಂದೆಯ ಮಾತು ಇದರಲ್ಲಿ ಎಲ್ಲಿದೆ ಎಂದು ಕೇಳಿದರು. ಇಲ್ಲ ಎಂದೆ. ಅವನು ಹೇಳಿದ್ದು ನಿಜ, ನಾನೇ ಬಾಯಿ ಮುಚ್ಚಿಸಿದೆ, ಅದನ್ನೂ ಬರೆದುಕೊಳ್ಳಿ ಎಂದೆ. ಡಾಕ್ಟರು ಆಗ ಮೊದಲ ಸಲ ನನ್ನ ಮುಖ ನೋಡಿದರು. ಗೆದ್ದವರ ಹಾಗೆ ನೋಡಿದರು.

ಅಪ್ಪ ಸೊಂಟದ ಚೀಲ ಬಿಚ್ಚಿದ. ಅದರಲ್ಲಿ ಬೀರಪ್ಪನ ಭಂಡಾರ, ಗುಡಿಯ ಅರಿಶಿನ ಪುಡಿ. ನಮ್ಮ ಹಟ್ಟಿಯಲ್ಲಿ ಒಬ್ಬರ ಕುರಿ ಇನ್ನೊಬ್ಬರ ಕೈಯಲ್ಲಿ ಸತ್ತರೆ ಪಂಚರು ಸಾಕ್ಷಿ ಕೇಳುವುದಿಲ್ಲ. ಇಬ್ಬರೂ ಭಂಡಾರ ಹಿಡಿದು ನಡೆದದ್ದು ಹೇಳಬೇಕು. ಹಿಡಿದು ಸುಳ್ಳು ಹೇಳಿದವನನ್ನು ನಾನು ಕಂಡಿಲ್ಲ. ಹಿಡಿಯದೆ ಎದ್ದು ಹೋದವರನ್ನು ಕಂಡಿದ್ದೇನೆ.

ಇದಕ್ಕೆಲ್ಲ ಇಲ್ಲಿ ಅವಕಾಶ ಇಲ್ಲ ಎಂದು ಅಧಿಕಾರಿ ಶುರು ಮಾಡಿ, ಅಪ್ಪನ ಮುಖ ನೋಡಿ ನಿಲ್ಲಿಸಿದರು. ಅಪ್ಪ ಒಂದು ಹಿಡಿ ತೆಗೆದುಕೊಂಡು ಆ ಬೆಳಗಿನದನ್ನು ಹೇಳಿದ. ಕೈ ಎಲ್ಲಿ ಇಟ್ಟೆ, ಯಾವ ಮಗ್ಗಲು ಎದ್ದಿತು, ಯಾವುದು ಏಳಲಿಲ್ಲ, ಯಾರು ನಕ್ಕರು. ಮಗ ಏನಂದ ಎನ್ನುವುದನ್ನೂ ಹೇಳಿದ. ಆಮೇಲೆ ಚೀಲವನ್ನು ಮೇಜಿನ ಆಚೆಗೆ ಸರಿಸಿದ.

"ನಾ ಹಿಡದೀನಿ. ಈಗ ಡಾಕ್ಟರ್ ಸಾಬ್ರು ಹಿಡೀಲಿ. ಹಿಡದು, ದಾರ್ಯಾಗ ಜರುಗೇತಿ ಅನ್ಲಿ. ಹಂಗಂದ್ರ ನಾ ಎದ್ದು ಹೊಂಟ್ನಿ. ಮಗನ್ನೂ ಕರಕೊಂಡು ಹೊಕ್ಕೀನಿ."

ಡಾಕ್ಟರು ಚೀಲ ನೋಡಿದರು. ಕರ್ಚೀಫು ತೆಗೆದು ಅಂಗೈ ಒರೆಸಿಕೊಂಡರು. ತಮ್ಮ ಹೇಳಿಕೆಯನ್ನು ಬರವಣಿಗೆಯಲ್ಲಿ ಕೊಡುತ್ತೇನೆ, ಸಮಯ ಬೇಕು ಎಂದರು.

ಗುಮಾಸ್ತರು ತೆಲುಗಿನಲ್ಲಿ ಬರೆದುಕೊಂಡದ್ದರ ನಕಲು ಕಳೆದ ಗುರುವಾರ ನನ್ನ ಕೈಗೆ ಬಂತು. ಎರಡು ಪುಟ. ಅಪ್ಪನ ಹೇಳಿಕೆ ಇದೆ, ನನ್ನದು ಇದೆ. ಚೀಲ ಮುಂದಿಟ್ಟದ್ದೂ, ಡಾಕ್ಟರು ಮುಟ್ಟದೆ ಇದ್ದದ್ದೂ ಒಂದು ಸಾಲಿನಲ್ಲಿದೆ. ಕೆಳಗೆ ಎಡಕ್ಕೆ ಅಪ್ಪನ ಹೆಬ್ಬೆಟ್ಟು. ಬಲಕ್ಕೆ ಡಾಕ್ಟರರ ಹೇಳಿಕೆಗೆ ಬಿಟ್ಟ ಜಾಗ ಖಾಲಿ ಇದೆ.